ಕೆ.ಎಸ್. ಅಶ್ವಥ್: ಅಪ್ಪನ ಪಾತ್ರದಲ್ಲೇ ಅಷ್ಟು ವರ್ಷ ಬಾಳಿದ್ದು ಹೇಗೆ? (ಕೆಲಸದ ಮಾತು ಮಾತ್ರ)

ಹಳೇರೀಲು

ಅಶ್ವಥ್ ಹುಟ್ಟಿದ್ದು 1925ರಲ್ಲಿ, ರಾಜ್‌ಕುಮಾರ್ 1929ರಲ್ಲಿ. ನಡುವೆ ಇರೋದು ನಾಲ್ಕೇ ವರ್ಷ. ಆದರೂ ಅಶ್ವಥ್ ತಂದೆಯಾಗಿ, ಮನೆಯ ಹಿರೀಕನಾಗಿ ರಾಜ್ ಎದುರು ನಿಂತರೆ ಪ್ರೇಕ್ಷಕನಿಗೆ ಒಂದು ಕ್ಷಣವೂ ಅನುಮಾನ ಬರಲಿಲ್ಲ. 1955ರ 'ಸ್ತ್ರೀರತ್ನ'ದಿಂದ ಶುರುವಾಗಿ 350ಕ್ಕೂ ಹೆಚ್ಚು ಚಿತ್ರ. ಪೌರಾಣಿಕ ಚಿತ್ರಗಳ ಕಾಲ ಮುಗಿದು ಸಾಮಾಜಿಕ ಚಿತ್ರ ಬಂತು, ಕಪ್ಪು-ಬಿಳುಪು ಹೋಗಿ ಬಣ್ಣ ಬಂತು, ಸ್ಟುಡಿಯೊ ಫ್ಲೋರಿನೊಳಗಿನ ಶೂಟಿಂಗ್ ಹೋಗಿ ಔಟ್‌ಡೋರ್ ಬಂತು, ನಾಯಕರ ಎರಡು ಮೂರು ತಲೆಮಾರು ಬದಲಾಯ್ತು. ಇವರು ಮಾತ್ರ ಇದ್ದರು.

'ಅಂಥ ನಟರು ಈಗೆಲ್ಲಿ' ಎಂಬ ಗೋಳು ಈ ಚರ್ಚೆಯ ಎಳೆಯಲ್ಲಿ ಬೇಡ. ಪೋಷಕ ನಟನಿಗೆ ಪೋಸ್ಟರಿನಲ್ಲಿ ಜಾಗವಿಲ್ಲ, ಅಭಿಮಾನಿ ಸಂಘವಿಲ್ಲ, ಅವನ ಡೇಟ್‌ಗಾಗಿ ಯಾರೂ ಸಿನಿಮಾ ಮುಂದೂಡಲ್ಲ. ಹಾಗಿದ್ದೂ ನಿರ್ಮಾಪಕರು ಮತ್ತೆ ಮತ್ತೆ ಅದೇ ಮನುಷ್ಯನನ್ನು ಯಾಕೆ ಕರೀತಾರೆ? ಚೆನ್ನಾಗಿ ಅಭಿನಯಿಸೋರು ರಂಗಭೂಮಿಯಲ್ಲಿ ಬೇಕಾದಷ್ಟು ಜನ ಇದ್ದರು, ಆದ್ದರಿಂದ ಅದೊಂದೇ ಉತ್ತರ ಸಾಲದು. ಕ್ಯಾಮೆರಾ, ಸೌಂಡು, ಮೇಕಪ್ಪು, ಎಡಿಟಿಂಗ್ ಬಲ್ಲವರು ನಿಮ್ಮ ನಿಮ್ಮ ಕಡೆಯಿಂದ ಹೇಳಿ.

ನೆಗೆಟಿವ್ ಕಟ್ಟರ್

ಲೆಕ್ಕದಿಂದಲೇ ಶುರು ಮಾಡೋಣ. 35 ಎಂಎಂ ಫಿಲ್ಮಿನಲ್ಲಿ ಅಡಿಗೆ 16 ಫ್ರೇಮು, ಸೆಕೆಂಡಿಗೆ 24 ಫ್ರೇಮು. ಅಂದರೆ ನಿಮಿಷಕ್ಕೆ 90 ಅಡಿ. 400 ಅಡಿಯ ಮ್ಯಾಗಜೀನು (ಕ್ಯಾಮೆರಾಗೆ ಹಾಕೋ ಫಿಲ್ಮಿನ ಡಬ್ಬಿ) ನಾಲ್ಕೂವರೆ ನಿಮಿಷವೂ ಓಡಲ್ಲ, 1000 ಅಡಿಯದ್ದು ಹನ್ನೊಂದು ನಿಮಿಷ. ಎರಡೂವರೆ ಗಂಟೆಯ ಸಿನಿಮಾ ಅಂದರೆ 13,500 ಅಡಿ ತೆರೆಗೆ ಬರಬೇಕು. ಒಂದಕ್ಕೆ ಮೂರರಂತೆ ಶೂಟ್ ಮಾಡಿದರೂ 40,500 ಅಡಿ ನೆಗೆಟಿವ್.

ಈಗ ಎರಡು ನಿಮಿಷದ ಒಂದು ಕಾಂಬಿನೇಷನ್ ಸೀನ್ ಇಟ್ಕೊಳ್ಳಿ. ಅಪ್ಪ, ಅಮ್ಮ, ಮಗ, ಊರಿನ ಹಿರಿಯ, ನಾಲ್ಕು ಜನ ಒಂದೇ ಶಾಟ್‌ನಲ್ಲಿ. ಕೊನೆಯ ಸಾಲಿನಲ್ಲಿ ಅಪ್ಪನ ಪಾತ್ರಧಾರಿ ತಡವರಿಸಿದ ಅಂದರೆ 180 ಅಡಿ ಹೋಯ್ತು. ಐದು ಸಲ ಹಾಗಾದರೆ 900 ಅಡಿ, ಅಂದರೆ ಹತ್ತಿರ ಹತ್ತಿರ ಒಂದು ದೊಡ್ಡ ರೋಲು. ನಾಯಕ ತಡವರಿಸಿದರೆ ನಿರ್ಮಾಪಕ ನುಂಗಿಕೊಳ್ತಾನೆ. ಅಪ್ಪನ ಪಾತ್ರಧಾರಿ ತಡವರಿಸಿದರೆ ಮುಂದಿನ ಚಿತ್ರಕ್ಕೆ ಬೇರೆ ಅಪ್ಪ ಬರ್ತಾನೆ. ಕಚ್ಚಾ ಫಿಲ್ಮು ಹೊರದೇಶದಿಂದ ಬರಬೇಕಿದ್ದ ಕಾಲದಲ್ಲಿ 'ಒಂದೇ ಟೇಕ್ ಆರ್ಟಿಸ್ಟ್' ಅನ್ನೋದು ಹೊಗಳಿಕೆಗಿಂತ ಹೆಚ್ಚಾಗಿ ಬಜೆಟ್ಟಿನ ಮಾತು.

ಇನ್ನೊಂದು ಸಂಗತಿ ಹೊರಗಿನವರಿಗೆ ಗೊತ್ತಿರಲ್ಲ. ಮ್ಯಾಗಜೀನಿನ ಕೊನೆಯಲ್ಲಿ 30, 40, 60 ಅಡಿ ಚೂರು ಉಳಿಯುತ್ತೆ. ಅದರಲ್ಲಿ ಡೈಲಾಗ್ ಶಾಟ್ ತೆಗೆಯೋಕಾಗಲ್ಲ, ನಡುವೆ ಮುಗಿದುಹೋಗುತ್ತೆ. ಅಂಥ ಚೂರುಗಳಲ್ಲಿ ರಿಯಾಕ್ಷನ್ ಕ್ಲೋಸ್‌ಅಪ್‌ಗಳನ್ನು ತೆಗೀತಿದ್ದರು. ಇಪ್ಪತ್ತು ಸೆಕೆಂಡಿಗೆ 30 ಅಡಿ ಸಾಕು. ಆ ಹೊತ್ತಿಗೆ ನಾಯಕ ಮೇಕಪ್ ತೆಗೆದು ಹೊರಟಿರ್ತಾನೆ. ಅಸಿಸ್ಟೆಂಟ್ ಡೈರೆಕ್ಟರ್ ಕ್ಯಾಮೆರಾ ಪಕ್ಕ ನಿಂತು ಸೀನ್ ಪೇಪರ್ ನೋಡಿ ನಾಯಕನ ಮಾತನ್ನು ಚಪ್ಪೆಯಾಗಿ ಓದ್ತಾನೆ. ಅದನ್ನು ಕೇಳ್ತಾ ಅಪ್ಪನ ಮುಖದಲ್ಲಿ ಕರುಳು ಕಿವುಚಿದ್ದು ಕಾಣಬೇಕು. ಚಿತ್ರಮಂದಿರದಲ್ಲಿ ಜನ ಅತ್ತಿದ್ದು ಬಹಳ ಸಲ ಈ ಚೂರುಗಳನ್ನು ನೋಡಿ.

ಒಂಟಿಕೊಪ್ಪಲ್

ಅಶ್ವಥ್ ವಿಷಯದಲ್ಲಿ ಆಕಾಶವಾಣಿಯನ್ನು ಮರೆಯಬೇಡಿ. 1942ರ ಚಳವಳಿಗೆ ಹೋಗಿ ಓದು ಬಿಟ್ಟವರು, ಆಹಾರ ಇಲಾಖೆಯಲ್ಲಿ ಇನ್‌ಸ್ಪೆಕ್ಟರ್ ಕೆಲಸ, ಜೊತೆಗೆ ನಾಟಕ, ಮೈಸೂರು ಆಕಾಶವಾಣಿಯ ರೇಡಿಯೊ ನಾಟಕ. ಕಂಪನಿ ನಾಟಕದಿಂದ ಬಂದವರ ದನಿಗೂ ರೇಡಿಯೊ ನಾಟಕ ಮಾಡಿದವರ ದನಿಗೂ ವ್ಯತ್ಯಾಸ ಇದೆ. ಕಂಪನಿಯಲ್ಲಿ ಹಿಂದಿನ ಬೆಂಚಿಗೆ ಕೇಳೋ ಹಾಗೆ ಎದೆಯಿಂದ ಎತ್ತಿ ಎಸೀಬೇಕು. ರೇಡಿಯೊದಲ್ಲಿ ಮೈಕು ಒಂದು ಮೊಳ ದೂರದಲ್ಲಿರುತ್ತೆ. ಎಸೆದರೆ ಒಡೆಯುತ್ತೆ, ಉಸಿರೆಳೆದದ್ದೂ ಕೇಳುತ್ತೆ. ಸಿಟ್ಟನ್ನು ದನಿ ಏರಿಸದೆ ಮಾತಿನ ವೇಗದಲ್ಲಿ, ಪದಗಳ ನಡುವಿನ ಬಿಡುವಿನಲ್ಲಿ ತೋರಿಸೋದನ್ನು ಮೈಕೇ ಕಲಿಸುತ್ತೆ. ಅಶ್ವಥ್ ಅವರ ಅಪ್ಪಂದಿರು ಬೈಯುವಾಗ ದನಿ ಇಳಿಯುತ್ತೆ, ಗಮನಿಸಿ.

ಕಡ್ಡಿಪುಡಿ

ಎಲ್ಲಾ ಸರಿ ಗುರುಗಳೇ, ಆದರೆ ನಿಜ ಹೇಳಬೇಕಂದ್ರೆ ಅದು ಟೈಪ್‌ಕಾಸ್ಟಿಂಗ್, ಅಂದ್ರೆ ಒಬ್ಬನಿಗೆ ಒಂದೇ ಥರದ ಪಾತ್ರ ಕೊಡ್ತಾ ಹೋಗೋದು, ಅಲ್ವಾ? ಪಂಚೆ, ಶಾಲು, ಕಣ್ಣಲ್ಲಿ ನೀರು. ನೂರು ಚಿತ್ರದ ಅಪ್ಪನನ್ನು ಅದಲು ಬದಲು ಮಾಡಿದರೂ ಯಾರಿಗೂ ಗೊತ್ತಾಗಲ್ಲ.

ಹಳೇರೀಲು

ಕಡ್ಡಿಪುಡಿ ಅವರೇ, ನೂರರಲ್ಲಿ ಅರವತ್ತು ಪಾತ್ರಗಳ ಮಟ್ಟಿಗೆ ನೀವು ಹೇಳಿದ್ದು ಸರಿ, ವಾದ ಮಾಡಲ್ಲ. ಬರೆದವರೇ ಅದಲು ಬದಲಾಗೋ ಹಾಗೆ ಬರೆದಿದ್ದಾರೆ. ಆದರೆ ಎರಡನ್ನು ಪಕ್ಕಪಕ್ಕ ಇಟ್ಟು ನೋಡಿ.

'ಕಸ್ತೂರಿ ನಿವಾಸ' (1971). ಅಲ್ಲಿ ಅಶ್ವಥ್ ತಂದೆಯಲ್ಲ, ರಾಮಯ್ಯ, ಮನೆಯ ಆಳು. ಬೆಂಕಿಪೊಟ್ಟಣದ ಕಾರ್ಖಾನೆಯ ಯಜಮಾನ ಕೊಟ್ಟು ಕೊಟ್ಟು ಬರಿಗೈ ಆಗ್ತಿರೋದು ರಾಮಯ್ಯನಿಗೆ ಎಲ್ಲರಿಗಿಂತ ಚೆನ್ನಾಗಿ ಗೊತ್ತು, ಬೇಡ ಅನ್ನೋ ಅಧಿಕಾರ ಮಾತ್ರ ಇಲ್ಲ. ಪಾತ್ರದ ಭಾರವೆಲ್ಲ ಇರೋದು ಆಡದ ಮಾತಿನಲ್ಲಿ. ನಾಯಕನ ಹಿಂದೆ, ಒಂದು ಹೆಜ್ಜೆ ಪಕ್ಕಕ್ಕೆ, ಫೋಕಸ್ ಅರ್ಧ ತಪ್ಪಿದ ಜಾಗದಲ್ಲಿ ನಿಂತು ಮಾಡಬೇಕಾದ ಅಭಿನಯ ಅದು.

'ನಾಗರಹಾವು' (1972) ಅದರ ತದ್ವಿರುದ್ಧ. ಚಾಮಯ್ಯ ಮೇಷ್ಟ್ರಿಗೆ ರಾಮಾಚಾರಿಯ ಮೇಲೆ ಹೆತ್ತವರಿಗೂ ಇಲ್ಲದ ಅಧಿಕಾರ. ಕಥೆಯಲ್ಲಿ ಆ ಅಧಿಕಾರವನ್ನು ಅವರು ಎರಡು ಸಲ ಚಲಾಯಿಸ್ತಾರೆ. ಮೊದಲು ಅಲಮೇಲುವನ್ನು ಬಿಟ್ಟುಕೊಡು ಅಂತ, ಕೊನೆಗೆ ಮಾರ್ಗರೆಟ್ ಬೇಡ ಅಂತ. ಮೊದಲನೆಯದರಲ್ಲಿ ಗೆಲ್ತಾರೆ, ಎರಡನೆಯದು ಅವರ ಪ್ರಾಣಕ್ಕೇ ಬರುತ್ತೆ. ಬೇಡಿಕೆ ಎರಡು ಸಲವೂ ಒಂದೇ, 'ನನ್ನ ಮಾತಿಗೆ ಬೆಲೆ ಕೊಡು' ಅನ್ನೋದು. ಮೊದಲನೇ ಸಲವೇ ನಟ ಪೂರ್ತಿ ಗಂಟಲು ಖರ್ಚು ಮಾಡಿಬಿಟ್ಟರೆ ಬೆಟ್ಟದ ಮೇಲಿನ ಕೊನೆಯ ದೃಶ್ಯಕ್ಕೆ ಏನೂ ಉಳಿಯಲ್ಲ. ಮೊದಲ ಸಲ ಸಲುಗೆಯಿಂದ ಕೇಳಿದ್ದರಿಂದ ಎರಡನೇ ಸಲದ ಹಟ ಚುಚ್ಚುತ್ತೆ. ಈ ಪಾತ್ರಕ್ಕೆ ಆ ವರ್ಷದ ರಾಜ್ಯ ಪ್ರಶಸ್ತಿ (ಪೋಷಕ ನಟ) ಬಂತು.

ಆ ಚಿತ್ರದ ಹಿಂಬದಿಯನ್ನೂ ನೋಡಿ. ನಾಯಕ ವಿಷ್ಣುವರ್ಧನ್‌ಗೆ ಅದು ನಾಯಕನಾಗಿ ಮೊದಲ ಚಿತ್ರ, ಅಂಬರೀಷ್‌ಗೆ ಮೊದಲ ಚಿತ್ರ. ಸುತ್ತ ಯಾರಿದ್ದರು? ಅಶ್ವಥ್, ಲೀಲಾವತಿ, ಪ್ರಿನ್ಸಿಪಾಲ್ ಶ್ಯಾಮರಾಯರಾಗಿ ಲೋಕನಾಥ್, ವರದನಾಗಿ ಶಿವರಾಮ್. ಹೊಸಬರನ್ನು ನಡುವೆ ನಿಲ್ಲಿಸಿ ನಾಲ್ಕು ಮೂಲೆಗೂ ಪಳಗಿದವರನ್ನು ಇಡೋದು ನಿರ್ದೇಶಕ ಪುಟ್ಟಣ್ಣನವರ ಜಾಣತನ.

ಬಣ್ಣದ ಪೆಟ್ಟಿಗೆ

47ರ ನಟನನ್ನು 65 ಮಾಡೋದು ಹೇಗೆ ಅಂತ ಯಾರೂ ಕೇಳಲಿಲ್ಲ, ನಾನೇ ಹೇಳ್ತೀನಿ.

ಕಪ್ಪು-ಬಿಳುಪಿನಲ್ಲಿ ಸುಲಭ. ಕಿವಿಯ ಮೇಲೆ, ಹಣೆಯಂಚಿಗೆ ಬಿಳಿ ಎಳೆದರೆ ನರೆ. ಬಣ್ಣದ ಫಿಲ್ಮು ಬಂದಾಗ ಅದೇ ಅಚ್ಚ ಬಿಳಿ ನೀಲಿಯಾಗಿ ಕಾಣತೊಡಗಿತು. ಹಾಗಾಗಿ ಬಿಳಿಗೆ ಚೂರು ಹಳದಿ ಬೆರೆಸಿ ದಂತದ ಬಣ್ಣಕ್ಕೆ ತರಬೇಕು. ಹಚ್ಚೋ ಕ್ರಮವೂ ಮುಖ್ಯ: ಹಳೇ ಹಲ್ಲುಜ್ಜೋ ಬ್ರಷ್ಷಿನಲ್ಲಿ ಕೂದಲಿನ ಬುಡಕ್ಕೆ ತಾಗದ ಹಾಗೆ ಮೇಲಿನ ಪದರಕ್ಕೆ ಮಾತ್ರ, ಮೊದಲು ಕಿವಿ ಮುಂದಿನ ಕೂದಲು, ಆಮೇಲೆ ಮುಂಭಾಗ, ಕೊನೆಗೆ ಹುಬ್ಬಿನಲ್ಲಿ ನಾಲ್ಕೈದು ಎಳೆ. ಹುಬ್ಬು ಪೂರ್ತಿ ಬೆಳ್ಳಗಾದರೆ ಕಣ್ಣು ಸಾಯುತ್ತೆ, ಪೋಷಕ ನಟನಿಗೆ ಉಳಿದಿರೋ ಬಂಡವಾಳ ಅದೊಂದೇ. ಟಾಲ್ಕಮ್ ಪೌಡರ್ ಉದುರಿಸೋ ಸೋಮಾರಿತನ ಮಾಡಿದರೆ ತಲೆ ಅಲ್ಲಾಡಿಸಿದಾಗ ಕಪ್ಪು ಕೋಟಿನ ಹೆಗಲ ಮೇಲೆ ಹಿಟ್ಟು.

ಮೀಸೆ ಕಳಚೋದು ಮೇಲ್ತುಟಿಯ ಬೆವರಿನಿಂದ. ಸ್ಪಿರಿಟ್ ಗಮ್ ಹಚ್ಚಿದ ತಕ್ಷಣ ಅಂಟಿಸಬಾರದು. ಬೆರಳಿಗೆ ಜಿಗಟು ಹತ್ತುವಷ್ಟು ಒಣಗಲಿ, ಆಮೇಲೆ ನಡುವಿನಿಂದ ಎರಡೂ ಬದಿಗೆ ಒತ್ತಿ. ಊಟಕ್ಕೆ ಕೂತಾಗ ತುದಿ ಏಳುತ್ತೆ. ಮಧ್ಯಾಹ್ನದ ಮೊದಲ ಶಾಟ್‌ಗೆ ಮೀಸೆ ಒಂದೆಳೆ ಮೇಲೆ ಕೂತು, ಬೆಳಗಿನ ಶಾಟ್ ಜೊತೆ ಕಟ್ ಆಗದೇ ಹೋಗೋದು ಹೀಗೆ. ಅನುಭವಸ್ಥರು ಮೀಸೆ ಇದ್ದ ದಿನ ಸಾರನ್ನ ಬಿಟ್ಟು ಇಡ್ಲಿ ತಿಂತಾರೆ.

ಮೇಕಪ್ಪಿಗಿಂತ ಮೊದಲು ವಯಸ್ಸು ಕಾಣೋದು ಕೂತು ಏಳೋದರಲ್ಲಿ. ಕೈ ಊರಿ ಏಳೋದು, ತಿರುಗುವಾಗ ಕತ್ತಿನ ಜೊತೆ ಭುಜವೂ ತಿರುಗೋದು. ಅಶ್ವಥ್ ಇದರಲ್ಲಿ ಅತಿ ಮಾಡಲಿಲ್ಲ, ಕೆಮ್ಮು ಕೋಲು ಎರಡನ್ನೂ ಆದಷ್ಟು ದೂರ ಇಟ್ಟರು.

ಅರಸೀಕೆರೆ ಜಂಕ್ಷನ್

ಬಾಲಣ್ಣನ ಮಾತಿಲ್ಲದೆ ಈ ಎಳೆ ಮುಗಿಯಬಾರದು. ಟಿ.ಎನ್. ಬಾಲಕೃಷ್ಣ, 1943ರ 'ರಾಧಾರಮಣ'ದಿಂದ ಶುರು, 1995ರಲ್ಲಿ ತೀರಿಕೊಂಡರು. ಕಿವಿ ಸರಿಯಾಗಿ ಕೇಳ್ತಿರಲಿಲ್ಲ. 'ಬಂಗಾರದ ಮನುಷ್ಯ'ದಲ್ಲಿ (1972) ಒಳ್ಳೇತನವೇ ಮೈವೆತ್ತ ರಾಚೂಟಪ್ಪ, ಮರುವರ್ಷ 'ಗಂಧದ ಗುಡಿ'ಯಲ್ಲಿ ಕೇಡಿಗ. ಟೈಪ್‌ಕಾಸ್ಟ್ ಅನ್ನೋರು ಇದಕ್ಕೇನಂತೀರಿ?

ಹೊಸಬೆಳಕು22

ಕಿವಿ ಕೇಳದೆ ಕ್ಯೂ (ತನ್ನ ಮಾತು ಶುರು ಮಾಡೋ ಸುಳಿವು) ಹೇಗೆ ಹಿಡೀತಿದ್ದರು ಸರ್? ಅದೂ ಕಾಮಿಡಿಯಲ್ಲಿ. ಅರ್ಧ ಸೆಕೆಂಡ್ ತಡ ಆದರೂ ನಗು ಸತ್ತುಹೋಗುತ್ತಲ್ಲ.

ಅರಸೀಕೆರೆ ಜಂಕ್ಷನ್

ಎದುರಿನವರ ತುಟಿ ನೋಡಿ. ಅಷ್ಟೇ ಅಲ್ಲ, ಸೀನಿನಲ್ಲಿ ಇರೋ ಎಲ್ಲರ ಮಾತೂ ಬಾಯಿಪಾಠ. ತನ್ನ ಸಾಲು ಮಾತ್ರ ಕಲಿತ ನಟನಿಗೆ ಎದುರಿನವರ ಕೊನೆಯ ಪದ ಕಿವಿಗೆ ಬಿದ್ದರೆ ಸಾಕು. ಇವರಿಗೆ ಆ ಸೌಲಭ್ಯ ಇಲ್ಲ, ಮಾತು ಎಲ್ಲಿಗೆ ಬಂತು ಅಂತ ಮೊದಲಿನಿಂದಲೇ ಜೊತೆಗೆ ಓಡಬೇಕು. ಅದರ ಲಾಭ ತೆರೆ ಮೇಲೆ ಕಾಣುತ್ತೆ. ಬಾಲಣ್ಣನ ಕಣ್ಣು ಎದುರಿನವರ ಮುಖ ಬಿಟ್ಟು ಕದಲಲ್ಲ. ನಾವು ಅದನ್ನು ಧೂರ್ತತನ ಅಂತಲೋ, ಅಕ್ಕರೆ ಅಂತಲೋ ಪಾತ್ರಕ್ಕೆ ತಕ್ಕ ಹಾಗೆ ಓದಿಕೊಳ್ತೀವಿ.

ಕಷ್ಟ ಬರೋದು ಮೂರು ಕಡೆ. ಎದುರಿನವರು ಬೆನ್ನು ತಿರುಗಿಸಿ ಮಾತಾಡೋ ಶಾಟ್, ಕತ್ತಲೆ ದೃಶ್ಯ, ಮತ್ತು ಎದುರಿನವರು ಸ್ಕ್ರಿಪ್ಟ್ ಬಿಟ್ಟು ಮಾತು ಸೇರಿಸಿದಾಗ. ಮೊದಲಿನ ಎರಡಕ್ಕೆ ಕೈಸನ್ನೆಯ ಕ್ಯೂ ಇಡಬಹುದು. ಎದುರಿನವರು ಕೊನೆಯ ಪದಕ್ಕೆ ಕೈ ಕೆಳಗಿಳಿಸೋದು, ಹೆಜ್ಜೆ ಬದಲಿಸೋದು, ಇಲ್ಲಾ ಕ್ಯಾಮೆರಾ ಕೆಳಗಿಂದ ಯಾರಾದರೂ ಸನ್ನೆ ಮಾಡೋದು. ಮೂರನೆಯದಕ್ಕೆ ಮದ್ದಿಲ್ಲ, ಜೊತೆಯ ನಟರು ಶಿಸ್ತಿನಲ್ಲಿರಬೇಕು. ರಾಜ್‌ಕುಮಾರ್, ನರಸಿಂಹರಾಜು, ಬಾಲಕೃಷ್ಣ ಅಷ್ಟೊಂದು ಚಿತ್ರಗಳಲ್ಲಿ ಒಟ್ಟಿಗೆ ಮಾಡಿ ಒಬ್ಬರ ಉಸಿರು ಒಬ್ಬರಿಗೆ ಪರಿಚಯವಾಗಿತ್ತು.

ಸೌಂಡ್ ಟ್ರ್ಯಾಕ್

ಫ್ಲೋರಿನಲ್ಲಿ ನೇರ ಧ್ವನಿಮುದ್ರಣ ಇದ್ದಾಗ ಹಾಗೆ ತುಟಿ ನೋಡಿ ಮಾತಾಡೋದು ನಡೀತು. ಔಟ್‌ಡೋರ್ ಹೆಚ್ಚಾಗಿ, ಸದ್ದು ಮಾಡೋ ಆರಿಫ್ಲೆಕ್ಸ್ ಕ್ಯಾಮೆರಾ ಬಂದ ಮೇಲೆ ಮಾತನ್ನು ಆಮೇಲೆ ಡಬ್ ಮಾಡಬೇಕಾಯ್ತು. ಪೋಷಕ ನಟರಲ್ಲಿ ಎಷ್ಟೋ ಜನ ಸೋತಿದ್ದು ಇಲ್ಲೇ.

ಹಳೇ ಪದ್ಧತಿಯಲ್ಲಿ ದೃಶ್ಯವನ್ನು ಚಿಕ್ಕ ತುಂಡು ಮಾಡಿ, ತಲೆಗೂ ಬಾಲಕ್ಕೂ ಅಂಟಿಸಿ ಲೂಪ್ ಮಾಡ್ತಾರೆ. ಪ್ರೊಜೆಕ್ಟರಿನಲ್ಲಿ ಅದೇ ತುಂಡು ಸುತ್ತುತ್ತಾ ಇರುತ್ತೆ, ನಟ ಹೆಡ್‌ಫೋನಿನಲ್ಲಿ ಪೈಲಟ್ ಟ್ರ್ಯಾಕ್ (ಶೂಟಿಂಗ್ ವೇಳೆ ಹಿಡಿದ ಕಚ್ಚಾ ಧ್ವನಿ) ಕೇಳಿಕೊಂಡು ಮಾತು ಕೂರಿಸಬೇಕು. ಈಗ ಕಂಪ್ಯೂಟರಿನಲ್ಲಿ ಒಂದೆರಡು ಫ್ರೇಮು ಆಚೀಚೆ ಜರುಗಿಸಬಹುದು, ಆಗ ಅದು ನಟನ ತುಟಿಯಲ್ಲೇ ಆಗಬೇಕಿತ್ತು.

ಗಮನ ಕೊಡಬೇಕಾದ್ದು ಪ, ಬ, ಮ ಅಕ್ಷರಗಳಿಗೆ. ಇವುಗಳಿಗೆ ತುಟಿ ಮುಚ್ಚಲೇಬೇಕು, ತೆರೆ ಮೇಲೆ ಮುಚ್ಚಿದ್ದು ಕಾಣುತ್ತೆ, ಅಲ್ಲೇ ಕೂರಬೇಕು. ಉಳಿದವು ಒಂದು ಫ್ರೇಮ್ ಹಿಂದೆ ಮುಂದಾದರೂ ನಡೆಯುತ್ತೆ. ಎರಡನೆಯ ತಪ್ಪು ದೂರದ್ದು. ತೋಟದಲ್ಲಿ ಹತ್ತು ಗಜ ದೂರ ನಿಂತು ಮಗನನ್ನು ಕೂಗಿದ ಶಾಟ್‌ಗೆ ಮೈಕಿನ ಮುಂದೆ ಮೆತ್ತಗೆ 'ಮಗಾ' ಅಂದರೆ, ಮಿಕ್ಸಿಂಗ್‌ನಲ್ಲಿ ವಾಲ್ಯೂಮ್ ಎಷ್ಟು ಏರಿಸಿದರೂ ಅದು ಕೂಗು ಆಗಲ್ಲ, ದೊಡ್ಡ ಪಿಸುಮಾತು ಆಗುತ್ತೆ. ಮೈಕಿನಿಂದ ಎರಡು ಹೆಜ್ಜೆ ಹಿಂದೆ ಸರಿದು ನಿಜವಾಗಿ ಕೂಗಬೇಕು. ಒಂಟಿಕೊಪ್ಪಲ್ ಅವರು ಹೇಳಿದ ರೇಡಿಯೊ ಪಳಗು ಇಲ್ಲಿ ಕೈ ಹಿಡಿಯುತ್ತೆ.

ಉಪ್ಪು ಖಾರ

ತಿನ್ನೋ ದೃಶ್ಯದ ವಿಷಯ ಬರಲಿ. ಲೋಕನಾಥ್ ಅವರನ್ನು ಜನ ಕೊನೆವರೆಗೂ 'ಉಪ್ಪಿನಕಾಯಿ ಲೋಕನಾಥ್' ಅಂತಲೇ ಕರೆದರು, 'ಭೂತಯ್ಯನ ಮಗ ಅಯ್ಯು' (1974) ಚಿತ್ರದ ಒಂದೇ ಒಂದು ದೃಶ್ಯದಿಂದ. 1970ರ 'ಸಂಸ್ಕಾರ'ದಲ್ಲಿ ಶುರು ಮಾಡಿ 2018ರ ಕೊನೆಯ ದಿನದವರೆಗೆ ಬದುಕಿದ್ದವರಿಗೆ ಒಂದು ಭರಣಿ ಉಪ್ಪಿನಕಾಯಿ ಹೆಸರಾಯ್ತು.

ನೋಡೋಕೆ ಸಲೀಸು, ತಾಂತ್ರಿಕವಾಗಿ ತಲೆನೋವು. ಮಾಸ್ಟರ್ ಶಾಟ್‌ನಲ್ಲಿ (ಇಡೀ ದೃಶ್ಯ ಕಾಣೋ ಹಾಗೆ ಮೊದಲು ತೆಗೆಯೋ ಶಾಟ್) ಯಾವ ಪದಕ್ಕೆ ಬಾಯಿಗಿಟ್ಟಿರೋ, ಕ್ಲೋಸ್‌ಅಪ್‌ನಲ್ಲೂ ಅದೇ ಪದಕ್ಕೆ, ಅದೇ ಕೈಯಲ್ಲಿ, ಅಷ್ಟೇ ತುತ್ತು. ಇಲ್ಲಾಂದ್ರೆ ಎಡಿಟರ್ ಕಟ್ ಮಾಡೋಕಾಗದೆ ನಿಮ್ಮ ಕ್ಲೋಸ್‌ಅಪ್ಪನ್ನೇ ಬಿಸಾಕ್ತಾನೆ. ಪ್ರಾಪರ್ಟಿಯವರು (ಸೆಟ್ಟಿನ ಸಾಮಾನು ನೋಡಿಕೊಳ್ಳೋರು) ಪ್ರತಿ ಟೇಕಿಗೂ ಎಲೆಯನ್ನು ಮೊದಲಿನಂತೆ ಬಡಿಸಬೇಕು, ಮೂರು ನಾಲ್ಕು ಜೊತೆ ರೆಡಿ ಇರಬೇಕು. ರಿಹರ್ಸಲ್‌ನಲ್ಲಿ ತಿನ್ನಬೇಡಿ, ಬರೀ ಕೈ ಆಡಿಸಿ. ಮಾತಿಗೆ ಮುಂಚೆ ಚಿಕ್ಕ ತುತ್ತು, ಮಾತು ಮುಗಿದ ಮೇಲೆ ದೊಡ್ಡದು. ಹೊಸಬರು ಮೊದಲ ಟೇಕಿನಲ್ಲೇ ಬಾಯ್ತುಂಬ ತುಂಬಿಕೊಂಡು, ಆರನೇ ಟೇಕಿಗೆ ಅನ್ನ ನೋಡಿದರೆ ಹೊಟ್ಟೆ ತೊಳಸೋ ಸ್ಥಿತಿಗೆ ಬರ್ತಾರೆ. ಅದು ಮುಖದಲ್ಲಿ ಕಂಡೇ ಕಾಣುತ್ತೆ.

ಗುಲ್‌ಮೊಹರ್

ಇಷ್ಟು ಹೊತ್ತು ಗಂಡಸರ ಮಾತೇ ಆಯ್ತು. ಪಂಡರಿಬಾಯಿ 1954ರ 'ಬೇಡರ ಕಣ್ಣಪ್ಪ'ದಲ್ಲಿ ರಾಜ್‌ಕುಮಾರ್‌ಗೆ ನಾಯಕಿ. ಅದೇ ಪಂಡರಿಬಾಯಿ ಆಮೇಲೆ ಅವರಿಗೇ ತಾಯಿ. ಲೀಲಾವತಿಯವರದ್ದೂ ಹೆಚ್ಚುಕಡಿಮೆ ಅದೇ ಹಾದಿ, ರಾಜ್ ಜೊತೆ ಜೋಡಿಯಾಗಿದ್ದವರು 'ನಾಗರಹಾವು' ಹೊತ್ತಿಗೆ ಅಶ್ವಥ್ ಪಕ್ಕ ಮೇಷ್ಟ್ರ ಹೆಂಡತಿ. ಗಂಡು ನಟ ಪೋಷಕ ಪಾತ್ರವನ್ನು ಆಯ್ದುಕೊಂಡು ಬರ್ತಾನೆ, ಹೆಣ್ಣನ್ನು ಅಲ್ಲಿಗೆ ದಬ್ಬುತ್ತಾರೆ. ದಬ್ಬಿಸಿಕೊಂಡ ಮೇಲೂ ದಶಕಗಟ್ಟಲೆ ನಿಂತರಲ್ಲ, ಅದನ್ನು ಬೇರೆ ಲೆಕ್ಕದಲ್ಲೇ ಅಳೀಬೇಕು.

ಉಮಾಶ್ರೀ ಉದಾಹರಣೆ ಇನ್ನೂ ಬೇರೆ. ರಂಗದ ಮೇಲೆ 'ಒಡಲಾಳ'ದ ಸಾಕವ್ವ. ಸಿನಿಮಾದಲ್ಲಿ 1984ರ 'ಅನುಭವ'ದ ನಂತರ ವರ್ಷಗಟ್ಟಲೆ ಕಾಮಿಡಿ ಟ್ರ್ಯಾಕ್. ಆ ಟ್ರ್ಯಾಕ್‌ಗಳಲ್ಲಿ ಅರ್ಧಕ್ಕರ್ಧ ಮರೆತರೂ ನಷ್ಟವಿಲ್ಲ. ಆದರೆ ಕ್ಯಾಮೆರಾ ಮುಂದಿನ ಲಾಘವ ಬಂದಿದ್ದು ಅಲ್ಲಿಂದ. ಐವತ್ತರ ಆಸುಪಾಸಿನಲ್ಲಿ 'ಗುಲಾಬಿ ಟಾಕೀಸ್', ರಾಷ್ಟ್ರ ಪ್ರಶಸ್ತಿ. ಶಾಸಕಿ, ಮಂತ್ರಿ ಆಗಿದ್ದು ನಡುವಿನ ಅಧ್ಯಾಯ. 2021ರಲ್ಲಿ ಶುರುವಾದ 'ಪುಟ್ಟಕ್ಕನ ಮಕ್ಕಳು' ಧಾರಾವಾಹಿಯಲ್ಲಿ ದಿನಾ ಸಂಜೆ ಮನೆಮನೆಗೆ ಬಂದರು. ಪೋಷಕ ಪಾತ್ರದ ದುಡಿಮೆಯಲ್ಲೇ ಮುಖ್ಯಪಾತ್ರ ಸಂಪಾದಿಸಿದವರು.

ಮೂರನೇ ಕ್ಯಾಮೆರಾ

ಧಾರಾವಾಹಿ ಅಂದಿರಲ್ಲ, ಅಲ್ಲಿ ಕಥೆಯೇ ಬೇರೆ. 1998ರ 'ಮಾಯಾಮೃಗ'ದ ಕಾಲದಿಂದ ರಂಗಭೂಮಿಯ ಎಷ್ಟೋ ನಟರಿಗೆ ತಿಂಗಳ ಆದಾಯ ಅಂತ ಒಂದು ಆಗಿದ್ದು ಟಿವಿಯಿಂದಲೇ. ಫಿಲ್ಮು ಇಲ್ಲ, ಅಡಿ ಲೆಕ್ಕ ಇಲ್ಲ. ಆದರೆ ಗಡಿಯಾರ ಇದೆ. ಅರ್ಧ ಗಂಟೆಯ ಸ್ಲಾಟಿಗೆ ಸುಮಾರು 22 ನಿಮಿಷದ ದೃಶ್ಯ ಬೇಕು, ದಿನಕ್ಕೆ ಹತ್ತಿರ ಹತ್ತಿರ ಒಂದು ಎಪಿಸೋಡ್ ತೆಗೀಬೇಕು.

ಹೊಸಬರು ಎಡವೋದು ಕಂಟಿನ್ಯುಟಿಯಲ್ಲಿ, ಅಂದರೆ ಒಂದು ಸೀನಿಗೂ ಇನ್ನೊಂದಕ್ಕೂ ತಾಳೆ ಇಡೋದರಲ್ಲಿ. ಒಂದೇ ಹಾಲ್‌ನಲ್ಲಿ ನಡೆಯೋ ನಾಲ್ಕೈದು ಎಪಿಸೋಡಿನ ಸೀನುಗಳನ್ನು ಒಂದೇ ದಿನ ತೆಗೀತಾರೆ. ಮಗಳು ಓಡಿಹೋಗಿದ್ದು ಅಪ್ಪನಿಗೆ ಗೊತ್ತಾಗೋ ಸೀನು ಬೆಳಗ್ಗೆ, ಇನ್ನೂ ಗೊತ್ತಿಲ್ಲದ ಹಿಂದಿನ ದಿನದ ಕಾಫಿ ಸೀನು ಮಧ್ಯಾಹ್ನ. ಬೆಳಗಿನ ದುಃಖದ ಪಸೆ ಕಾಫಿ ಸೀನಿನ ಕಣ್ಣಲ್ಲಿ ಉಳಿದುಬಿಡುತ್ತೆ. ಹಳಬರು ಚಿಕ್ಕ ನೋಟ್‌ಬುಕ್ ಇಟ್ಟಿರ್ತಾರೆ. ಎಪಿಸೋಡ್ ನಂಬರು, ಸೀನ್ ನಂಬರು, ಕಥೆಯಲ್ಲಿ ಯಾವ ದಿನ, ಯಾವ ಅಂಗಿ, ವಾಚು ಯಾವ ಕೈ, ಹಣೆಗೆ ಏನು. ಎಲ್ಲಕ್ಕಿಂತ ಮುಖ್ಯವಾದ ಕಾಲಮ್ಮು: ಈ ಹೊತ್ತಿಗೆ ಪಾತ್ರಕ್ಕೆ ಏನೇನು ಗೊತ್ತು.

ಪ್ರಾಂಪ್ಟಿಂಗ್ ಇನ್ನೊಂದು. ಸೀನ್ ಪೇಪರ್ ಸೆಟ್ಟಿಗೆ ಬರೋದೇ ಶಾಟ್‌ಗೆ ಸ್ವಲ್ಪ ಮುಂಚೆ, ಅಸಿಸ್ಟೆಂಟ್ ಮಾತು ಹೇಳಿಕೊಡ್ತಾ ಹೋಗ್ತಾನೆ, ನಟ ಹಿಂದೆಯೇ ಹೇಳಬೇಕು. ಕಣ್ಣು ಪ್ರಾಂಪ್ಟರ್ ಕಡೆ ವಾಲಿದರೆ ಕೆಟ್ಟಿತು, ಪ್ರತಿ ವಾಕ್ಯದ ತುದಿ ಪ್ರಶ್ನೆಯಂತೆ ಮೇಲೇಳೋದೂ ಇದರ ಲಕ್ಷಣವೇ. ವಾಕ್ಯ ಪೂರ್ತಿ ಬರಲಿ ಅಂತ ಕಾಯೋ ಬದಲು ಎರಡನೇ ಪದಕ್ಕೇ ಶುರು ಮಾಡಿ, ಉಳಿದದ್ದು ತಾನಾಗಿ ಬರುತ್ತೆ. ಲೈವ್ ಸೌಂಡ್ ಇದ್ದರೆ ಪ್ರಾಂಪ್ಟರ್ ದನಿ ನಿಮ್ಮ ಮಾತಿನ ಮೇಲೆ ಬೀಳುತ್ತೆ, ಆಗ ಇದು ನಡೆಯಲ್ಲ, ಕಲಿಯಲೇಬೇಕು.

ದುಡ್ಡು ದಿನದ ಲೆಕ್ಕ. ಆದ್ದರಿಂದ ದಿನಕ್ಕೆ ಎಷ್ಟು ಅಂತ ಮಾತ್ರ ಕೇಳಬೇಡಿ, ತಿಂಗಳಿಗೆ ಕನಿಷ್ಠ ಎಷ್ಟು ದಿನ ಅಂತ ಅಗ್ರಿಮೆಂಟಿನಲ್ಲಿ ಬರೆಸಿಕೊಳ್ಳಿ. ಪಾತ್ರವನ್ನು 'ಊರಿಗೆ ಹೋಗಿದ್ದಾರೆ' ಅಂತ ಎರಡು ತಿಂಗಳು ಕೂರಿಸೋದು ಮಾಮೂಲು. ಪೇಮೆಂಟ್ ಎರಡು ಮೂರು ತಿಂಗಳು ತಡ ಆಗೋದೂ ಹೊಸದಲ್ಲ, ಶೂಟಿಂಗ್ ದಿನಗಳ ಪಟ್ಟಿ ನಿಮ್ಮ ಹತ್ತಿರವೂ ಇರಲಿ. ಶೇ. 10 ಟಿಡಿಎಸ್ (ಪೇಮೆಂಟಿನಲ್ಲೇ ಮುರಿದುಕೊಳ್ಳೋ ಆದಾಯ ತೆರಿಗೆ) ಹಿಡೀತಾರೆ. ಹಿಡಿದದ್ದನ್ನು ಕಟ್ಟಿದ್ದಾರಾ ಅಂತ ಆದಾಯ ತೆರಿಗೆ ಇಲಾಖೆಯ ನಿಮ್ಮ ತೆರಿಗೆ ಪಟ್ಟಿಯಲ್ಲಿ ನೋಡಿಕೊಳ್ಳಿ.

ಕಡ್ಡಿಪುಡಿ

ಒಪ್ಪಿದೆ ಮಾರಾಯ್ರೇ, ಟೈಪ್‌ಕಾಸ್ಟ್ ಮಾತು ಅರ್ಧ ವಾಪಸ್ ತಗೊಂಡೆ. ಅರವತ್ತು ಪಾತ್ರದ್ದು ಹಾಗೇ ಇರಲಿ.

ಹೊಸಬೆಳಕು22

ಒಂದು ಚಿಕ್ಕ ಪ್ರಶ್ನೆ. ಅಪ್ಪನ ಪಾತ್ರಕ್ಕೆ ಕನ್ನಡಕ ಕೊಟ್ಟರೆ ಲೈಟು ಗಾಜಿನಲ್ಲಿ ಹೊಡೆದು ಕಣ್ಣೇ ಕಾಣಲ್ಲ. ಗಾಜು ತೆಗೆದ ಫ್ರೇಮ್ ಹಾಕೋದು ಸರಿಯಾ?

ಬಣ್ಣದ ಪೆಟ್ಟಿಗೆ

ದೂರದ ಶಾಟ್‌ಗೆ ನಡೆಯುತ್ತೆ, ಕ್ಲೋಸ್‌ಅಪ್‌ನಲ್ಲಿ ಸಿಕ್ಕಿಬೀಳ್ತೀರ. ಕಣ್ಣೊರೆಸಿಕೊಳ್ಳುವಾಗ ಬೆರಳು ಫ್ರೇಮಿನ ಒಳಗಿಂದ ಹೋಗೋದು ತೆರೆ ಮೇಲೆ ಬಂದಿರೋ ಉದಾಹರಣೆ ಬೇಕಾದಷ್ಟಿದೆ. ಪವರ್ ಇಲ್ಲದ, ಆಂಟಿ-ರಿಫ್ಲೆಕ್ಷನ್ ಲೇಪದ ಗಾಜು ಹಾಕಿಸಿ. ಆಮೇಲೂ ಹೊಳೆದರೆ ಕಡ್ಡಿಯನ್ನು ಕಿವಿಯಿಂದ ಕಾಲು ಇಂಚು ಮೇಲೆತ್ತಿ, ಗಾಜು ಕೆಳಗೆ ವಾಲಿ ಲೈಟಿನ ಪ್ರತಿಬಿಂಬ ನೆಲದ ಕಡೆ ಹೋಗುತ್ತೆ. ಅದಕ್ಕೂ ಬಗ್ಗದಿದ್ದರೆ ಲೈಟ್‌ಬಾಯ್‌ಗೆ ಹೇಳಿ ಕೀ ಲೈಟನ್ನು (ಮುಖಕ್ಕೆ ಬೀಳೋ ಮುಖ್ಯ ಲೈಟು) ಸ್ವಲ್ಪ ಎತ್ತರಿಸಿ. ಮಾಸ್ಟರ್ ಶಾಟ್‌ನಲ್ಲಿ ಕನ್ನಡಕ ಮೂಗಿನ ಮೇಲೆ ಎಲ್ಲಿ ಕೂತಿತ್ತು ಅಂತ ಒಂದು ಫೋಟೋ ತೆಗೆದಿಟ್ಟುಕೊಳ್ಳಿ.